ಆಲೀಸ್ ಶ್ವಾರ್ಟ್ಸರ್ ಜಗಳ ಅರ್ಥ ಆಗಬೇಕಾದ್ರೆ ಕಲಂ ನಂಬರ್ ಗೊತ್ತಿರಬೇಕು

ಜರ್ಮನಿಗೆ ಬಂದು ಮನೆ ಮಾಡಿದ ಕನ್ನಡಿಗರಿಗೆಲ್ಲ ಸ್ವಲ್ಪ ದಿನದಲ್ಲೇ ಒಂದು ಕಾಗದ ಬರುತ್ತದೆ. ತಿಂಗಳಿಗೆ 18.36 ಯೂರೋ ಕಟ್ಟಿ ಅಂತ. ಮನೆಯಲ್ಲಿ ಟಿವಿ ಇಲ್ಲ, ನನಗೆ ಜರ್ಮನ್ ಬರಲ್ಲ ಅಂತೆಲ್ಲ ಹೇಳಿದರೂ ಬಿಡುವುದಿಲ್ಲ, ಯಾಕೆಂದರೆ 2013ರಿಂದ ಅದು ಟಿವಿಗೆ ಹಾಕುವ ಶುಲ್ಕ ಅಲ್ಲ, ಮನೆಗೆ ಹಾಕುವ ಶುಲ್ಕ. ಎಆರ್‌ಡಿ, ಝಡ್‌ಡಿಎಫ್ ಅನ್ನುವ ಸಾರ್ವಜನಿಕ ಚಾನೆಲ್‌ಗಳು ನಡೆಯುವುದು ಈ ದುಡ್ಡಿನಲ್ಲಿ. ಹೇಗೂ ದುಡ್ಡು ಹೋಗ್ತಾ ಇದೆ, ನೋಡಿಯೇ ಬಿಡೋಣ ಅಂತ ಭಾನುವಾರ ರಾತ್ರಿ ಕೂತರೆ, ಮೊದಲು ಒಂದೂವರೆ ಗಂಟೆ ಪತ್ತೇದಾರಿ ಕಥೆ. ಕೊಲೆಗಾರ ಸಿಕ್ಕಿದ ಮೇಲೆ 9:45ಕ್ಕೆ ಟಾಕ್ ಶೋ. ನಮ್ಮ ಚಾನೆಲ್‌ಗಳ ಹಾಗೆ ಪರದೆ ಮೇಲೆ ಎಂಟು ಕಿಟಕಿ, ಎಂಟು ಬಾಯಿ ಇರುವುದಿಲ್ಲ. ನಾಲ್ಕೈದು ಕುರ್ಚಿ, ನೀರಿನ ಲೋಟ, ಒಬ್ಬರು ನಿರೂಪಕಿ. ಆದರೂ ಜಗಳ ಜಗಳವೇ.

ಆ ಕುರ್ಚಿಗಳಲ್ಲಿ ಐವತ್ತು ವರ್ಷದಿಂದ ಮತ್ತೆ ಮತ್ತೆ ಕಾಣಿಸಿಕೊಂಡ ಒಬ್ಬ ಹೆಂಗಸಿನ ಬಗ್ಗೆ ಈ ಬರಹ. ಹೆಸರು ಆಲೀಸ್ ಶ್ವಾರ್ಟ್ಸರ್. ಪತ್ರಕರ್ತೆ, ಸ್ತ್ರೀವಾದಿ, ಎಮ್ಮಾ ಅನ್ನುವ ಪತ್ರಿಕೆಯ ಒಡತಿ (ಹೌದು, ಕನ್ನಡದ ಕಿವಿಗೆ ಬೇರೇನೋ ಕೇಳಿಸುತ್ತದೆ, ನಾನೂ ಮೊದಲು ನಕ್ಕಿದ್ದೆ). ಅವರ ಹೆಸರು ತೆಗೆದರೆ ಸಾಕು, ಜರ್ಮನ್ನರು ಎರಡು ಪಾಲಾಗುತ್ತಾರೆ. ಒಬ್ಬರು "ನಮ್ಮಮ್ಮನಿಗೆ ದಾರಿ ತೋರಿಸಿದವರು" ಅಂದರೆ ಇನ್ನೊಬ್ಬರು "ಸಾಕಪ್ಪ ಆಕೆ" ಅನ್ನುತ್ತಾರೆ. ಹೊರಗಿನಿಂದ ಬಂದ ನಮಗೆ ಇದು ಸುಮ್ನೆ ಸ್ವಭಾವದ ಜಗಳ ಅನ್ನಿಸುತ್ತದೆ, ಬಾಯಿ ಜೋರಿರುವ ಹೆಂಗಸು, ಅವರನ್ನು ಕಂಡರೆ ಆಗದ ಜನ, ಅಷ್ಟೇ. ನನಗೂ ಹಾಗೇ ಅನ್ನಿಸಿತ್ತು. ಆಮೇಲೆ ಹಳೆಯ ಕ್ಲಿಪ್‌ಗಳನ್ನು ಒಂದೊಂದಾಗಿ ನೋಡುತ್ತಾ ಹೋದಾಗ ಬೇರೆ ಒಂದು ಕಾಣಿಸಿತು. ಹೆಚ್ಚುಕಡಿಮೆ ಪ್ರತಿ ದೊಡ್ಡ ಜಗಳದ ಕೆಳಗೂ ಕಾನೂನಿನ ಒಂದು ಕಲಂ ಇದೆ. ಯಾವ ಕಲಂ ಅಂತ ಗೊತ್ತಾದರೆ ಆ ಸಿಟ್ಟು ಯಾಕೆ ಅಂತ ಗೊತ್ತಾಗುತ್ತದೆ. ಗೊತ್ತಾಗದಿದ್ದರೆ ಬರೀ ಕೂಗಾಟ.

ಮೊದಲನೆಯದು 218. ಜರ್ಮನಿಯ ದಂಡಸಂಹಿತೆಯಲ್ಲಿ ಗರ್ಭಪಾತವನ್ನು ಅಪರಾಧ ಮಾಡುವ ಕಲಂ ಇದು, ಹುಟ್ಟಿದ್ದು 1871ರಲ್ಲಿ, ಅಂದರೆ ಚಕ್ರವರ್ತಿಯ ಕಾಲದಲ್ಲಿ. ಅದಕ್ಕೆ ಸರಿಯಾಗಿ ನೂರು ವರ್ಷ ತುಂಬಿದ 1971ರಲ್ಲಿ ಶ್ವಾರ್ಟ್ಸರ್‌ಗೆ ವಯಸ್ಸು 28. ಹುಟ್ಟೂರು ವುಪ್ಪರ್ಟಾಲ್, ಬೆಳೆದದ್ದು ಅಜ್ಜ ಅಜ್ಜಿ ಹತ್ತಿರ, ಆಗ ಕೆಲಸ ಪ್ಯಾರಿಸ್‌ನಲ್ಲಿ. ಆ ಏಪ್ರಿಲ್‌ನಲ್ಲಿ ಫ್ರಾನ್ಸ್‌ನ 343 ಹೆಂಗಸರು "ನಾನು ಗರ್ಭಪಾತ ಮಾಡಿಸಿಕೊಂಡಿದ್ದೇನೆ" ಅಂತ ಹೆಸರು ಹಾಕಿ ಒಂದು ವಾರಪತ್ರಿಕೆಯಲ್ಲಿ ಹೇಳಿಕೆ ಕೊಟ್ಟರು. ಹೆಸರಾಂತ ಲೇಖಕಿ ಸಿಮೋನ್ ದ ಬೊವ್ವಾರ್ ಕೂಡ ಅದರಲ್ಲಿದ್ದರು. ಶ್ವಾರ್ಟ್ಸರ್ ಅದೇ ಉಪಾಯವನ್ನು ಜರ್ಮನಿಗೆ ತಂದರು. 1971ರ ಜೂನ್ 6ರ ಷ್ಟೆರ್ನ್ ಪತ್ರಿಕೆಯಲ್ಲಿ 374 ಹೆಂಗಸರ ಹೆಸರು ಬಂತು. ನಟಿ ರೋಮಿ ಷ್ನೈಡರ್ ಇದ್ದರು, ಸೆಂಟಾ ಬರ್ಗರ್ ಇದ್ದರು. ಅವರ ಜೊತೆಗೆ ಯಾರೂ ಹೆಸರೇ ಕೇಳದ ಗೃಹಿಣಿಯರು, ಆಫೀಸಿನಲ್ಲಿ ಟೈಪ್ ಮಾಡುವವರು. ಯೋಚಿಸಿ, ಜೈಲಿಗೆ ಹಾಕಬಹುದಾದ ಅಪರಾಧವನ್ನು ಹೆಸರು ಹಾಕಿ ಒಪ್ಪಿಕೊಂಡಿದ್ದಾರೆ. ಹಾಕಿ ನೋಡೋಣ ಎಲ್ಲರನ್ನೂ ಒಳಗೆ, ಅನ್ನುವ ಸವಾಲು. ತಮಾಷೆ ಅಂದರೆ, ತಾನು ಗರ್ಭಪಾತ ಮಾಡಿಸಿಕೊಂಡಿರಲಿಲ್ಲ ಅಂತ ಶ್ವಾರ್ಟ್ಸರ್ ಆಮೇಲೆ ಹೇಳಿದರು. ಆ ಮಾತು ಇವತ್ತಿಗೂ ಅವರ ವಿರೋಧಿಗಳ ಕೈಯಲ್ಲಿರುವ ಕಲ್ಲು.

(ಅದೇ 1971ರ ಆಗಸ್ಟ್‌ನಲ್ಲಿ ನಮ್ಮ ಸಂಸತ್ತು ಎಂಟಿಪಿ ಕಾಯ್ದೆ ಪಾಸು ಮಾಡಿತು, ಷರತ್ತುಗಳ ಮೇಲೆ ಡಾಕ್ಟರ ಕೈಯಲ್ಲಿ ಗರ್ಭಪಾತಕ್ಕೆ ಅವಕಾಶ ಅಂತ. ಜರ್ಮನ್ ಗೆಳೆಯರಿಗೆ ಇದನ್ನು ಹೇಳಿದರೆ ನಂಬುವುದಿಲ್ಲ.)

ಇಲ್ಲಿಂದ ಟಿವಿ ಕಥೆ ಶುರು. 1974ರ ಮಾರ್ಚ್ 11. ಎಆರ್‌ಡಿಯ ಪಾನೋರಾಮಾ ಅನ್ನುವ ಕಾರ್ಯಕ್ರಮಕ್ಕೆ ಶ್ವಾರ್ಟ್ಸರ್ ಒಂದು ವರದಿ ಮಾಡಿಕೊಟ್ಟಿದ್ದರು. ಡಾಕ್ಟರುಗಳು ಹೀರುವ ವಿಧಾನದಿಂದ ಗರ್ಭಪಾತ ಮಾಡುವುದನ್ನು ಕ್ಯಾಮೆರಾ ಮುಂದೆ ತೋರಿಸುವ ವರದಿ. ಕಾನೂನು ಮುರಿಯುತ್ತಿದ್ದೇವೆ ಅಂತ ಗೊತ್ತಿದ್ದೇ ಆ ಡಾಕ್ಟರುಗಳು ಮಾಡಿದ್ದು. ಪ್ರಸಾರಕ್ಕೆ ಸ್ವಲ್ಪ ಮುಂಚೆ ಚಾನೆಲ್‌ಗಳ ಮುಖ್ಯಸ್ಥರು ಅದನ್ನು ತಡೆದರು. ಕಾರ್ಯಕ್ರಮದ ತಂಡ ಏನು ಮಾಡಿತು ಗೊತ್ತಾ? ಉಳಿದ ವರದಿಗಳನ್ನೂ ವಾಪಸ್ ತೆಗೆದುಕೊಂಡಿತು. ಆ ರಾತ್ರಿ ಜನ ಟಿವಿಯಲ್ಲಿ ಕಂಡದ್ದು ಖಾಲಿ ಸ್ಟುಡಿಯೋ. ಶ್ವಾರ್ಟ್ಸರ್ ಅವರ ಟಿವಿ ಜೀವನದಲ್ಲಿ ಅತಿ ಜೋರಾಗಿ ಕೇಳಿಸಿದ ಮಾತು ಬಹುಶಃ ಆ ಖಾಲಿ ಕುರ್ಚಿಗಳದ್ದೇ.

ಅದಾಗಿ ಒಂದೂವರೆ ತಿಂಗಳಿಗೆ ಬುಂಡೆಸ್ಟಾಗ್, ಅಂದರೆ ಅಲ್ಲಿನ ಸಂಸತ್ತು, ಮೊದಲ 12 ವಾರದಲ್ಲಿ ಗರ್ಭಪಾತಕ್ಕೆ ಶಿಕ್ಷೆ ಬೇಡ ಅಂತ ಕಾನೂನು ಪಾಸು ಮಾಡಿತು. ಅದರ ಮೇಲೆ ಕೇಸು ಹೋಗಿ ಕಾರ್ಲ್ಸ್‌ರೂಹೆಯಲ್ಲಿರುವ ಸಂವಿಧಾನ ಕೋರ್ಟಿನಲ್ಲಿ ನಿಂತಿತು. ದೇಶವೆಲ್ಲ ತೀರ್ಪಿಗೆ ಕಾಯುತ್ತಿತ್ತು. ಹಾಗೆ ಕಾಯುತ್ತಿದ್ದಾಗಲೇ, 1975ರ ಫೆಬ್ರವರಿ 6ಕ್ಕೆ, ಆ ಪ್ರಸಿದ್ಧ ಚರ್ಚೆ ಪ್ರಸಾರವಾಯಿತು.

ಅದನ್ನು ಸ್ವಲ್ಪ ನಿಧಾನವಾಗಿ ನೋಡೋಣ. ಒಂದು ಕಡೆ ಶ್ವಾರ್ಟ್ಸರ್. ಎದುರಿಗೆ ಎಸ್ತರ್ ವಿಲಾರ್, ಬ್ಯೂನಸ್ ಐರಿಸ್‌ನಲ್ಲಿ ಹುಟ್ಟಿದವರು, ಓದಿದ್ದು ಡಾಕ್ಟರಿಕೆ, ಆಗಿನ ಬೆಸ್ಟ್‌ಸೆಲ್ಲರ್ ಲೇಖಕಿ. ಅವರ ವಾದ ಇಷ್ಟು: ಹೆಂಗಸರನ್ನು ಗಂಡಸರು ತುಳಿದಿಲ್ಲ, ಸರ್ಕಸ್ ಪ್ರಾಣಿಯ ಹಾಗೆ ಹೆಂಗಸರೇ ಗಂಡಸರನ್ನು ಪಳಗಿಸಿ ದುಡಿಸಿಕೊಂಡು ತಾವು ಮನೆಯಲ್ಲಿ ಹಾಯಾಗಿದ್ದಾರೆ. ಆ ದಿನ ರೈನ್ ನದಿ ಸೀಮೆಯಲ್ಲಿ ಕಾರ್ನಿವಲ್ ಗುರುವಾರ, ಹೆಂಗಸರು ಬೀದಿಗಿಳಿದು ಸಿಕ್ಕಿದ ಗಂಡಸರ ಟೈ ಕತ್ತರಿಸುವ ದಿನ. ಪ್ರಸಾರ ಮಾಡಿದ ಡಬ್ಲ್ಯುಡಿಆರ್ ಚಾನೆಲ್ ಇರುವುದೂ ಅದೇ ಸೀಮೆಯ ಕಲೋನ್‌ನಲ್ಲಿ. ಹೆಂಗಸರಿಬ್ಬರ ಜಗಳ ನೋಡಿ ನಗೋಣ ಅಂತ ಆ ದಿನ ಆರಿಸಿದರೇನೋ ಅಂತ ನನಗೆ ಸಣ್ಣ ಅನುಮಾನ. ನಗು ಬರಲಿಲ್ಲ.

ಇಬ್ಬರೂ ಎದುರುಬದುರು ಕುರ್ಚಿಯಲ್ಲಿ, ನಡುವೆ ನಿರೂಪಕರಿಲ್ಲ. ವಿಲಾರ್ ಮೆತ್ತಗೆ ಮಾತಾಡುತ್ತಾರೆ, ನಡುನಡುವೆ ನಸುನಗುತ್ತಾರೆ. ಶ್ವಾರ್ಟ್ಸರ್ ನಗುವುದಿಲ್ಲ. ವಿಲಾರ್ ಬರೆದ ಮಾತುಗಳನ್ನೇ ಅವರ ಮುಂದೆ ಹಿಡಿಯುತ್ತಾರೆ, ಇದಕ್ಕೇನು ಹೇಳ್ತೀರಿ, ಇದಕ್ಕೇನು ಹೇಳ್ತೀರಿ ಅಂತ. ನಿಮ್ಮ ವಾಕ್ಯಗಳಲ್ಲಿ ಹೆಂಗಸು ಅನ್ನುವ ಪದ ತೆಗೆದು ಯಹೂದಿ ಅಂತ ಹಾಕಿ ಓದಿ ನೋಡಿ, ನಾಜಿಗಳ ಪತ್ರಿಕೆಯಲ್ಲಿ ಅಚ್ಚು ಹಾಕಬಹುದು, ಅನ್ನುವ ಧಾಟಿ. ಕೊನೆಗೆ ನೀವು ಸೆಕ್ಸಿಸ್ಟ್ ಮಾತ್ರ ಅಲ್ಲ, ಫ್ಯಾಸಿಸ್ಟ್ ಕೂಡ ಅಂತ ಮುಖಕ್ಕೇ ಹೇಳಿಬಿಟ್ಟರು. ಇಲ್ಲಿ ನನಗೆ ತಡೆಯುತ್ತದೆ. ವಿಲಾರ್ ಅವರ ಹೆತ್ತವರು ಜರ್ಮನಿ ಬಿಟ್ಟು ಹೋದ ಯಹೂದಿಗಳು. ಅಂಥವರ ಮಗಳಿಗೆ, ಜರ್ಮನ್ ಟಿವಿಯಲ್ಲಿ, ಜರ್ಮನ್ ಹೆಂಗಸು ಹೇಳಬಾರದಿದ್ದ ಮಾತು ಅದು. ವಾದ ಗೆಲ್ಲಲು ಅದು ಬೇಕಾಗಿಯೂ ಇರಲಿಲ್ಲ.

ಆದರೆ ಆ ಸಿಟ್ಟು ಎಲ್ಲಿಂದ ಬಂತು ಅಂತ ಗೊತ್ತಾಗಬೇಕಾದರೆ ಎರಡನೇ ಕಲಂ ನೋಡಬೇಕು. ಸಿವಿಲ್ ಸಂಹಿತೆಯ 1356. ಆಗ ಜಾರಿಯಲ್ಲಿದ್ದ ಅದರ ಮಾತು ಹೀಗೆ: ಮನೆವಾರ್ತೆ ಹೆಂಡತಿಯ ಜವಾಬ್ದಾರಿ, ಹೊರಗೆ ದುಡಿಯಲು ಅವಳಿಗೆ ಹಕ್ಕಿದೆ, ಸಂಸಾರದ ಕರ್ತವ್ಯಗಳಿಗೆ ಅಡ್ಡಿಯಾಗದಿದ್ದರೆ ಮಾತ್ರ. ಗಮನಿಸಿ, ಇದು ಅಜ್ಜಿಯ ಬುದ್ಧಿಮಾತಲ್ಲ, ಪಶ್ಚಿಮ ಜರ್ಮನಿಯ ಕಾನೂನು, ಮತ್ತು ಅದು ಬದಲಾದದ್ದು 1977ರ ಜುಲೈ 1ಕ್ಕೆ. ಅಂದರೆ ವಿಲಾರ್ ಮುಗುಳ್ನಗುತ್ತಾ "ಹೆಂಗಸರು ಮನೆಯಲ್ಲಿ ಕೂತು ತಿನ್ನುತ್ತಾರೆ" ಅನ್ನುತ್ತಿದ್ದ ಹೊತ್ತಿನಲ್ಲಿ, ಮನೆಗೆಲಸ ಹೆಂಡತಿಯದ್ದು ಅಂತ ಕಾನೂನೇ ಬರೆದಿಟ್ಟಿತ್ತು. ಇದು ತಿಳಿದ ಮೇಲೆ ಕ್ಲಿಪ್ ಇನ್ನೊಮ್ಮೆ ನೋಡಿ. ಯಾರು ಒರಟು, ಯಾರು ಸೌಮ್ಯ ಅನ್ನುವ ಲೆಕ್ಕ ಸ್ವಲ್ಪ ಅಲುಗಾಡುತ್ತದೆ.

ಮಾರನೆಯ ದಿನದಿಂದ ಪತ್ರಿಕೆಗಳು ಶ್ವಾರ್ಟ್ಸರ್ ಅವರನ್ನು ಮಾಟಗಾತಿ ಅಂದವು. ನಮ್ಮಲ್ಲಿ ಬಜಾರಿ, ಗಂಡುಬೀರಿ ಅಂತಾರಲ್ಲ, ಅದೇ ಜಾತಿಯ ಮಾತು. ಅವರ ಕಣ್ಣು, ಕನ್ನಡಕ, ಕೂದಲು ಎಲ್ಲದರ ಬಗ್ಗೆ ಬರೆದರು. 1356ರ ಬಗ್ಗೆ ಬರೆದವರು ಕಡಿಮೆ. ಇನ್ನೊಂದು ಕಡೆ ಚೀಲ ಚೀಲ ಕಾಗದ ಬರತೊಡಗಿತು, ಹೆಂಗಸರಿಂದ. ಚರ್ಚೆ ಆಗಿ 19 ದಿನಕ್ಕೆ, ಫೆಬ್ರವರಿ 25ಕ್ಕೆ, ಕೋರ್ಟು 12 ವಾರದ ಕಾನೂನನ್ನು ಹೊಡೆದುಹಾಕಿತು. ಎರಡು ವರ್ಷದ ನಂತರ, 1977ರ ಜನವರಿಯಲ್ಲಿ, ಕಲೋನ್‌ನಿಂದ ಎಮ್ಮಾ ಹೊರಬಂತು. ಈಗ ಅದರ ಕಚೇರಿ ಇರುವುದು ಬಾಯೆನ್‌ಟುರ್ಮ್‌ನಲ್ಲಿ, ರೈನ್ ದಡದ ಹಳೇ ಕೋಟೆಬುರುಜು. ಕಲೋನ್‌ಗೆ ಹೋದರೆ ನೋಡಿ, ಕಲ್ಲಿನ ಗೋಪುರ, ಒಳಗೆ ಹೆಂಗಸರ ಚಳವಳಿಯ ಕಾಗದಪತ್ರಗಳ ಸಂಗ್ರಹ.

ಟಿವಿಗೆ ಆ ಫೆಬ್ರವರಿಯಲ್ಲಿ ಒಂದು ಪಾಠ ಸಿಕ್ಕಿತು: ಈಕೆಯನ್ನು ಕರೆದರೆ ಜನ ಚಾನೆಲ್ ಬದಲಿಸುವುದಿಲ್ಲ. ಜರ್ಮನ್ ಟಾಕ್ ಶೋ ಹೇಗೆ ಕಟ್ಟುತ್ತಾರೆ ಅನ್ನುವುದನ್ನು ಇಲ್ಲೇ ಹೇಳಿಬಿಡುತ್ತೇನೆ. ಕುರ್ಚಿಗಳಿಗೆ ಮೊದಲೇ ಪಾತ್ರ ಇರುತ್ತದೆ, ಜನ ಆಮೇಲೆ. ಒಬ್ಬರು ಪರ, ಒಬ್ಬರು ವಿರೋಧ, ಒಬ್ಬ ರಾಜಕಾರಣಿ, ಒಬ್ಬ ತಜ್ಞ, ಮತ್ತೆ ವಿಷಯದ ಬಿಸಿ ಸ್ವಂತಕ್ಕೆ ತಟ್ಟಿದ ಒಬ್ಬರು. ಈ ಕೊನೆಯವರಿಗೆ ಬೆಟ್ರೊಫೆನೆ ಅಂತ ಹೆಸರೇ ಇದೆ. ಮಾತು ತಣ್ಣಗಾಯಿತು ಅನ್ನುವಷ್ಟರಲ್ಲಿ ಐನ್‌ಶ್ಪೀಲರ್ ಅನ್ನುವ ಒಂದು ನಿಮಿಷದ ವಿಡಿಯೋ ತುಣುಕು ಹಾಕುತ್ತಾರೆ, ಒಲೆಗೆ ಇನ್ನೊಂದು ಸೌದೆ ಇಟ್ಟ ಹಾಗೆ. ಹಾರ್ಟ್ ಆಬರ್ ಫೇರ್ ಅನ್ನುವ ಸೋಮವಾರದ ಕಾರ್ಯಕ್ರಮದವರು ಯಾರು ಏನು ತಪ್ಪು ಹೇಳಿದರು ಅಂತ ಆಮೇಲೆ ಸತ್ಯಪರೀಕ್ಷೆ ಬರೆದು ಹಾಕುತ್ತಾರೆ, ಇದು ನನಗೆ ತುಂಬಾ ಇಷ್ಟ, ನಮ್ಮವರೂ ಒಂದು ವಾರ ಮಾಡಿ ನೋಡಲಿ. ಈ ವ್ಯವಸ್ಥೆಯಲ್ಲಿ "ಸ್ತ್ರೀವಾದ" ಅನ್ನುವ ಕುರ್ಚಿಗೆ ದಶಕಗಟ್ಟಲೆ ಒಂದೇ ಹೆಸರು. ಅದರಿಂದ ಅವರಿಗೂ ಲಾಭವಾಯಿತು ಅನ್ನಿ. ಆದರೆ ಬೇರೆ ಸ್ತ್ರೀವಾದಿಗಳ ದೂರು ಕೂಡ ಇದೇ, ನಾವೂ ಇದ್ದೀವಿ, ನಮಗೆ ಕುರ್ಚಿಯೇ ಇಲ್ಲ ಅಂತ.

ಕಲಂ ಇಲ್ಲದ ಜಗಳ ಹೇಗಿರುತ್ತದೆ ಅಂತ ನೋಡಬೇಕಾದರೆ 2001ರ ಜೂನ್ ತಿಂಗಳ ಝಡ್‌ಡಿಎಫ್ ಚರ್ಚೆ ಇದೆ. ಎದುರಿಗೆ ವೆರೋನಾ ಫೆಲ್ಡ್‌ಬುಶ್, ವ್ಯಾಕರಣ ತಪ್ಪಿದ ಜರ್ಮನ್‌ನಲ್ಲಿ ಜಾಹೀರಾತು ಮಾಡಿಯೇ ಹೆಸರಾದ ಗ್ಲಾಮರ್ ತಾರೆ. ಒಬ್ಬರು ನೀವು ಹೆಂಗಸರ ಮಾನ ತೆಗೀತೀರಿ ಅನ್ನುವುದು, ಇನ್ನೊಬ್ಬರು ನಾನು ನನ್ನ ದುಡ್ಡು ನಾನೇ ಸಂಪಾದಿಸ್ತೀನಿ ಅನ್ನುವ ಹಾಗೆ ನಗುವುದು. ನೋಡಲು ಮಜಾ. ಮುಗಿದ ಮೇಲೆ ಕೈಯಲ್ಲಿ ಏನೂ ಉಳಿಯುವುದಿಲ್ಲ.

ಮೂರನೆಯ ಕಲಂ 177, ಅತ್ಯಾಚಾರದ್ದು. 1997ರ ತನಕ ಅದರಲ್ಲಿ "ವಿವಾಹದ ಹೊರಗೆ" ಅನ್ನುವ ಪದ ಇತ್ತು. ಗಂಡ ಮಾಡಿದರೆ ಈ ಕಲಂನಡಿ ಅತ್ಯಾಚಾರ ಆಗುತ್ತಿರಲಿಲ್ಲ. ಆ ಪದ ಕಿತ್ತುಹಾಕಿಸಲು ಹೆಂಗಸರು ಪಕ್ಷಭೇದ ಮರೆತು ವರ್ಷಗಟ್ಟಲೆ ಗುದ್ದಾಡಬೇಕಾಯಿತು. (ನಾವು ಮೂಗು ಮುರಿಯುವ ಹಾಗಿಲ್ಲ, ಗಂಡನಿಗೆ ಕೊಟ್ಟ ಆ ವಿನಾಯಿತಿ ಭಾರತೀಯ ನ್ಯಾಯ ಸಂಹಿತೆಯ 63ರಲ್ಲೂ ಹಾಗೇ ಮುಂದುವರಿದಿದೆ.) ಪದ ಹೋದ ಮೇಲೂ ಇನ್ನೊಂದು ತೊಡಕು ಉಳಿಯಿತು. ಬೇಡ ಅಂದರೆ ಸಾಲದು, ಬಲಪ್ರಯೋಗ ಆಗಿರಬೇಕು, ಇಲ್ಲ ಬೆದರಿಕೆ ಇರಬೇಕು, ಇಲ್ಲ ತಪ್ಪಿಸಿಕೊಳ್ಳಲಾಗದ ಸ್ಥಿತಿ ಇರಬೇಕು.

ಆಗ ಬಂತು 2015ರ ಡಿಸೆಂಬರ್ 31ರ ರಾತ್ರಿ. ಕಲೋನ್ ರೈಲು ನಿಲ್ದಾಣಕ್ಕೂ ಅಲ್ಲಿನ ದೊಡ್ಡ ಚರ್ಚಿಗೂ ನಡುವಿನ ಬಯಲಿನಲ್ಲಿ ಗುಂಪು ಗುಂಪಾಗಿ ಗಂಡಸರು ಹೆಂಗಸರನ್ನು ಸುತ್ತುವರಿದು ಮೈಮೇಲೆ ಕೈಹಾಕಿದರು, ಫೋನು ಪರ್ಸು ಕಿತ್ತರು. ನೂರಾರು ಹೆಂಗಸರು ದೂರು ಕೊಟ್ಟರು. ಆರೋಪಿಗಳಲ್ಲಿ ಜಾಸ್ತಿ ಜನ ಉತ್ತರ ಆಫ್ರಿಕಾ ಕಡೆಯಿಂದ ಬಂದವರು, ಮತ್ತು ಅದು ಲಕ್ಷಾಂತರ ನಿರಾಶ್ರಿತರು ಜರ್ಮನಿಗೆ ಬಂದ ವರ್ಷ. ಎಮ್ಮಾ ಕಚೇರಿ ಅದೇ ಊರಿನಲ್ಲಿ. ಶ್ವಾರ್ಟ್ಸರ್ ಟಿವಿಯಲ್ಲೂ ಬರಹದಲ್ಲೂ ಹೇಳಿದ್ದು ನೇರ: ಇದು ರಾಜಕೀಯ ಇಸ್ಲಾಂ ಮತ್ತು ಆ ದೇಶಗಳ ಗಂಡಾಳ್ವಿಕೆಯ ಫಲ, ಜನಾಂಗದ್ವೇಷಿ ಅನ್ನಿಸಿಕೊಳ್ಳುವ ಭಯಕ್ಕೆ ಬಾಯಿ ಮುಚ್ಚಿಕೊಂಡಿರಬೇಡಿ. ಅದಕ್ಕೆ ಉತ್ತರವಾಗಿ ಜನವರಿಯಲ್ಲೇ 22 ಸ್ತ್ರೀವಾದಿಗಳು "ಆವುಸ್ನಾಮ್ಸ್‌ಲೋಸ್", ಅಂದರೆ ವಿನಾಯಿತಿ ಇಲ್ಲದೆ, ಅನ್ನುವ ಹೇಳಿಕೆ ತಂದರು. ಕಾರ್ನಿವಲ್‌ನಲ್ಲಿ, ಅಕ್ಟೋಬರ್‌ಫೆಸ್ಟ್‌ನಲ್ಲಿ, ಮನೆಯೊಳಗೆ ಜರ್ಮನ್ ಗಂಡಸರು ಮಾಡುವುದನ್ನೂ ಎಣಿಸಿ, ಅಪರಾಧಿ ಪರದೇಶಿಯಾದಾಗ ಮಾತ್ರ ಎಚ್ಚರಾಗಬೇಡಿ ಅಂತ. ಇಬ್ಬರೂ ಸ್ತ್ರೀವಾದಿಗಳೇ, ಇಬ್ಬರ ಮಾತಿನಲ್ಲೂ ತೂಕ ಇದೆ. ಶ್ವಾರ್ಟ್ಸರ್ ಅವರ ಮಾತನ್ನು ಬಲಪಂಥದವರು ಖುಷಿಯಿಂದ ಎತ್ತಿಕೊಂಡರು ಅನ್ನುವುದು ನಿಜ. ಆ ಹೆಂಗಸರಿಗೆ ಆದದ್ದೂ ನಿಜ.

ಈ ಗಲಾಟೆಯಲ್ಲಿ 177 ಬದಲಾಯಿತು. 2016ರ ಜುಲೈ 7ಕ್ಕೆ ಬುಂಡೆಸ್ಟಾಗ್ "ಬೇಡ ಅಂದರೆ ಬೇಡ" ಅನ್ನುವ ತತ್ವವನ್ನು ಕಾನೂನು ಮಾಡಿತು. ಬಲಪ್ರಯೋಗ ತೋರಿಸಬೇಕಿಲ್ಲ, ಎದುರಿನವರ ಇಷ್ಟಕ್ಕೆ ವಿರುದ್ಧ ಅಂತ ತಿಳಿಯುವ ಹಾಗಿದ್ದರೆ ಸಾಕು. ಇದಕ್ಕೆ ಎರಡೂ ಕಡೆಯವರೂ ಬೇಡಿಕೆ ಇಟ್ಟಿದ್ದರು, ಟಿವಿಯಲ್ಲಿ ಮಾತ್ರ ಅದು ಕಾಣಲಿಲ್ಲ.

ಬುರ್ಖಾ, ತಲೆವಸ್ತ್ರದ ವಿಷಯದಲ್ಲಿ ಶ್ವಾರ್ಟ್ಸರ್ ಅವರ ನಿಲುವು ಹಳೆಯದು. 1979ರಲ್ಲಿ, ಇರಾನಿನಲ್ಲಿ ಖೊಮೇನಿ ಅಧಿಕಾರಕ್ಕೆ ಬಂದ ಕೆಲವೇ ವಾರದಲ್ಲಿ, ಅವರು ಟೆಹ್ರಾನ್‌ಗೆ ಹೋಗಿ ನೋಡಿ ಬಂದು ಎಚ್ಚರಿಸಿದ್ದರು. ಜರ್ಮನಿಯಲ್ಲಿ ಈ ಜಗಳ ಕೋರ್ಟು ಹತ್ತಿದ್ದು ಕಾಬೂಲಿನಲ್ಲಿ ಹುಟ್ಟಿದ ಫೆರೆಷ್ಟಾ ಲುಡಿನ್ ಅನ್ನುವ, ತಲೆವಸ್ತ್ರ ತೊಡುವ ಟೀಚರ್ ಕೇಸಿನಲ್ಲಿ. ಉಡುಪಿಯ ಗಲಾಟೆ ನೆನಪಾಗುತ್ತೆ ಅಲ್ವಾ, ಆದರೆ ಎರಡನ್ನೂ ಬೆರೆಸಬೇಡಿ: ಜರ್ಮನಿಯಲ್ಲಿ ಪ್ರಶ್ನೆ ಇದ್ದದ್ದು ವಿದ್ಯಾರ್ಥಿನಿ ಬಗ್ಗೆ ಅಲ್ಲ, ಸರ್ಕಾರಿ ಸಂಬಳದ ಟೀಚರ್ ಬಗ್ಗೆ. 2003ರಲ್ಲಿ ಸಂವಿಧಾನ ಕೋರ್ಟು, ನಿಷೇಧ ಬೇಕಿದ್ದರೆ ರಾಜ್ಯಗಳು ಮೊದಲು ಕಾನೂನು ಮಾಡಲಿ ಅಂದಿತು, ಹಲವು ರಾಜ್ಯ ಮಾಡಿದವು. 2015ರಲ್ಲಿ ಅದೇ ಕೋರ್ಟು ಸಾರಾಸಗಟು ನಿಷೇಧ ಸಲ್ಲದು ಅಂತ ಹೇಳಿತು. ಶ್ವಾರ್ಟ್ಸರ್ ಒಪ್ಪಲಿಲ್ಲ.

ವೇಶ್ಯಾವೃತ್ತಿಯಲ್ಲೂ ಹೀಗೇ. 2002ರ ಕಾನೂನು ಅದನ್ನು ಕೂಲಿ ಕೇಳಬಹುದಾದ, ವಿಮೆ ಮಾಡಿಸಬಹುದಾದ ಕೆಲಸ ಅಂತ ಒಪ್ಪಿತು. ಶ್ವಾರ್ಟ್ಸರ್ ಬೇಡುವುದು ಸ್ವೀಡನ್ ರೀತಿ, ಅಂದರೆ ಕೊಳ್ಳುವವನಿಗೆ ಶಿಕ್ಷೆ. ಆ ಕೆಲಸದಲ್ಲಿರುವವರ ಸಂಘಗಳು ಹೇಳುವುದು: ಗಿರಾಕಿಗೆ ಹೆದರಿಕೆಯಾದರೆ ನಮ್ಮನ್ನು ಕತ್ತಲೆಗೆ ಕರೀತಾನೆ, ಅಪಾಯ ನಮಗೇ.

ಶ್ವಾರ್ಟ್ಸರ್ ಅವರನ್ನು ಎತ್ತಿ ತಲೆಮೇಲೆ ಇಟ್ಟುಕೊಳ್ಳುವವರಿಗೆ ಎರಡು ಮಾತು ನೆನಪಿಸಬೇಕು. 2010-11ರಲ್ಲಿ ಟಿವಿಯ ಹೆಸರಾಂತ ಹವಾಮಾನ ನಿರೂಪಕರೊಬ್ಬರ ಮೇಲೆ ಅತ್ಯಾಚಾರದ ಕೇಸು ನಡೆದಾಗ ಶ್ವಾರ್ಟ್ಸರ್ ವರದಿ ಮಾಡಿದ್ದು ಬಿಲ್ಡ್ ಪತ್ರಿಕೆಗೆ, ಹೆಂಗಸರ ಅರೆಬೆತ್ತಲೆ ಚಿತ್ರ ಹಾಕುತ್ತಾರೆ ಅಂತ ತಾವೇ ಬೈಯುತ್ತಿದ್ದ ಪತ್ರಿಕೆಗೆ. ಕೋರ್ಟು ಆ ನಿರೂಪಕರನ್ನು ಖುಲಾಸೆ ಮಾಡಿತು. ಎರಡನೆಯದು, 2014ರಲ್ಲಿ ಸ್ವಿಸ್ ಬ್ಯಾಂಕಿನಲ್ಲಿ ಶ್ವಾರ್ಟ್ಸರ್ ಅವರ ಗುಟ್ಟಿನ ಖಾತೆ ಇತ್ತು ಅಂತ ಬಯಲಾಯಿತು. ತಾವೇ ತಪ್ಪೊಪ್ಪಿಕೊಂಡು ಹತ್ತು ವರ್ಷದ ತೆರಿಗೆ ಬಾಕಿ 2 ಲಕ್ಷ ಯೂರೋ, ಮೇಲೆ ಬಡ್ಡಿ ಕಟ್ಟಿದ್ದರು. ಊರಿಗೆಲ್ಲ ಬುದ್ಧಿ ಹೇಳುವವರು ಸಿಕ್ಕಿಬಿದ್ದರೆ ಊರು ಸುಮ್ಮನಿರುತ್ತಾ?

2022ರಿಂದ ಅವರು ಕೂತ ಕುರ್ಚಿಯೇ ಬೇರೆ. ಉಕ್ರೇನಿಗೆ ಭಾರಿ ಶಸ್ತ್ರ ಕೊಡಬೇಡಿ ಅಂತ ಚಾನ್ಸಲರ್‌ಗೆ ಬಹಿರಂಗ ಪತ್ರ, 2023ರ ಫೆಬ್ರವರಿಯಲ್ಲಿ ಎಡಪಕ್ಷದ ಸಾರಾ ವಾಗೆನ್‌ಕ್ನೆಕ್ಟ್ ಜೊತೆ ಶಾಂತಿಗಾಗಿ ಮನವಿ, ಬರ್ಲಿನ್‌ನ ಬ್ರಾಂಡೆನ್‌ಬುರ್ಗ್ ದ್ವಾರದ ಹತ್ತಿರ ಸಭೆ. ಪೊಲೀಸರ ಲೆಕ್ಕದಲ್ಲಿ 13,000 ಜನ, ಕರೆದವರ ಲೆಕ್ಕದಲ್ಲಿ 50,000. ಜನ ಎಣಿಸುವುದರಲ್ಲಿ ಬರ್ಲಿನ್ ಪೊಲೀಸರೂ ಬೆಂಗಳೂರು ಪೊಲೀಸರೂ ಒಂದೇ. ರಷ್ಯಾ ಸೈನಿಕರ ಕೈಗೆ ಸಿಕ್ಕಿದ ಉಕ್ರೇನಿನ ಹೆಂಗಸರ ಬಗ್ಗೆ ಏನು ಹೇಳ್ತೀರಿ ಅನ್ನುವ ಪ್ರಶ್ನೆಗೆ ಅವರ ಉತ್ತರ ನನಗೆ ತೃಪ್ತಿ ಕೊಡಲಿಲ್ಲ. ಅದು ನನ್ನ ಅಭಿಪ್ರಾಯ.

ಈಗ ಮತ್ತೆ 218ಕ್ಕೆ ಬರೋಣ, ಅದು ಎಲ್ಲೂ ಹೋಗಿಲ್ಲ. ಪೂರ್ವ ಜರ್ಮನಿಯಲ್ಲಿ 1972ರಿಂದಲೇ ಮೊದಲ 12 ವಾರದ ಗರ್ಭಪಾತಕ್ಕೆ ಅವಕಾಶ ಇತ್ತು, ಪಶ್ಚಿಮದಲ್ಲಿ ಇರಲಿಲ್ಲ. 1990ರಲ್ಲಿ ಎರಡೂ ದೇಶ ಒಂದಾದಾಗ ಕಾನೂನು ಎರಡಾಯಿತು. ಗುದ್ದಾಡಿ ಗುದ್ದಾಡಿ 1995ರಲ್ಲಿ ಒಂದು ರಾಜಿ ಮಾಡಿಕೊಂಡರು, ಅದೇ ಇವತ್ತಿಗೂ ನಡೆಯುತ್ತಿದೆ: 12 ವಾರದೊಳಗಿನ ಗರ್ಭಪಾತ ಕಾನೂನುಬಾಹಿರ, ಆದರೆ ಶಿಕ್ಷೆ ಇಲ್ಲ. ತಪ್ಪು, ಆದರೆ ಕೇಸಿಲ್ಲ. ಎಂಥಾ ಸರ್ಕಸ್ ನೋಡಿ. ಕಾನೂನುಬಾಹಿರ ಆದ್ದರಿಂದ ಸಾಮಾನ್ಯವಾಗಿ ಆರೋಗ್ಯ ವಿಮೆಯವರು ದುಡ್ಡು ಕೊಡುವುದಿಲ್ಲ. ಗರ್ಭಪಾತ ಮಾಡುತ್ತೇವೆ ಅಂತ ಡಾಕ್ಟರು ತಮ್ಮ ವೆಬ್‌ಸೈಟಿನಲ್ಲಿ ಹಾಕಿದರೂ 219ಎ ಕಲಂನಡಿ ಅಪರಾಧವಾಗುತ್ತಿತ್ತು. ಗೀಸೆನ್ ಊರಿನ ಡಾಕ್ಟರ್ ಕ್ರಿಸ್ಟಿನಾ ಹೆನೆಲ್ ಅವರಿಗೆ 2017ರಲ್ಲಿ ಇದಕ್ಕೇ 6,000 ಯೂರೋ ದಂಡ ಬಿತ್ತು. ಆ ಕಲಂ 2022ರಲ್ಲಿ ಹೋಯಿತು. 2024ರ ಏಪ್ರಿಲ್‌ನಲ್ಲಿ ಸರ್ಕಾರ ನೇಮಿಸಿದ ತಜ್ಞರ ಆಯೋಗ, ಮೊದಲ ವಾರಗಳ ಗರ್ಭಪಾತವನ್ನು ಕಾನೂನುಬದ್ಧ ಮಾಡಿ ಅಂತ ಸಲಹೆ ಕೊಟ್ಟಿತು. ಮಸೂದೆ ಬಂತು, 2025ರ ಫೆಬ್ರವರಿಯ ಚುನಾವಣೆಗೆ ಮುಂಚೆ ಮತಕ್ಕೆ ಬರಲೇ ಇಲ್ಲ.

ಹಾಗಾಗಿ ಇವತ್ತು ಕಲೋನ್‌ನಲ್ಲಿ ಒಬ್ಬಳಿಗೆ ಗರ್ಭಪಾತ ಬೇಕಿದ್ದರೆ ಮೊದಲು ಸಮಾಲೋಚನೆ ಕೇಂದ್ರಕ್ಕೆ ಹೋಗಿ ಕೂರಬೇಕು. ಬಂದಿದ್ದಳು ಅಂತ ಅವರು ಒಂದು ಚೀಟಿ ಕೊಡುತ್ತಾರೆ. ಅದಾಗಿ ಮೂರು ದಿನ ಕಾಯಬೇಕು. ಆಮೇಲೆ ಡಾಕ್ಟರು. ಆ ಚೀಟಿಗೆ ಕಾರಣವಾದ ಕಲಂ ಈಗಲೂ ದಂಡಸಂಹಿತೆಯ ಅದೇ ಅಧ್ಯಾಯದಲ್ಲಿದೆ, ಜೀವದ ವಿರುದ್ಧದ ಅಪರಾಧಗಳು ಅನ್ನುವ ಅಧ್ಯಾಯ. ಅದರಲ್ಲಿ 211 ಅಂದರೆ ಕೊಲೆ. ಏಳು ನಂಬರ್ ಮುಂದಕ್ಕೆ 218.